ಅಜ್ಜನ ಎರಡನೇ ಸಿನಿಮಾದ ದನಿ

ಕನ್ನಡ ಸಿನಿಮಾ ಇನ್ನೂ ಮದರಾಸಿನ ಸ್ಟುಡಿಯೋಗಳನ್ನೇ ನೆಚ್ಚಿಕೊಂಡಿದ್ದ ಕಾಲದಲ್ಲಿ ನನ್ನ ತಾಯಿಯ ತಂದೆ ಎರಡು ಸಿನಿಮಾ ನಿರ್ದೇಶಿಸಿದ. ಎರಡನೆಯದನ್ನು ಹಿರೇಬೆಂಡಿಗೇರಿಯಲ್ಲಿ, ಆ ಊರಿನವರನ್ನೇ ಹಾಕಿಕೊಂಡು, ಅವರ ಮಾತಿನಲ್ಲೇ ತೆಗೆದ. ನಿರ್ಮಾಪಕರಿಗೆ ಆ ಮಾತು ಒಗ್ಗಲಿಲ್ಲ. ಅಜ್ಜನನ್ನು ಕೇಳದೆ, ಬೇರೆ ಕಲಾವಿದರಿಂದ ಮೈಸೂರು ಕಡೆಯ ಕನ್ನಡದಲ್ಲಿ ಡಬ್ಬಿಂಗ್ ಮಾಡಿಸಿ ಬಿಡುಗಡೆ ಮಾಡಿದರು. ಒಂದು ವಾರ ಓಡಿತು. ಮೂರನೆಯದಕ್ಕೆ ಯಾರೂ ಕರೆಯಲಿಲ್ಲ. ಅಜ್ಜ ಶಿಗ್ಗಾಂವಿಯಲ್ಲಿ ಫೋಟೋ ಸ್ಟುಡಿಯೋ ಇಟ್ಟ. ಸವಣೂರು, ಹಾನಗಲ್ಲಿನ ಮದುವೆಗಳಲ್ಲಿ 'ಸ್ವಲ್ಪ ಗದ್ದ ಮ್ಯಾಲೆ ಮಾಡ್ರಿ' ಎನ್ನುತ್ತಾ ನಡುವಯಸ್ಸು ಕಳೆದ.

ಹೋದ ವರ್ಷ ಆ ಸಿನಿಮಾ ಯೂಟ್ಯೂಬಿನಲ್ಲಿ ನನ್ನ ಕಣ್ಣಿಗೆ ಬಿತ್ತು. ನೋಡಲು ಕುಳಿತ ಅಜ್ಜ ಮೊದಲು ಹೇಳಿದ್ದು, 'ಆವಾಜ್ ಬಂದ್ ಮಾಡು.' ಆಮೇಲೆ ತೆರೆಯ ಮೇಲಿನ ತುಟಿಗಳನ್ನು ನೋಡುತ್ತಾ ಎಲ್ಲರ ಮಾತನ್ನೂ ತಾನೇ ಆಡತೊಡಗಿದ. ಒಮ್ಮೆಯಾದರೂ ಸಿನಿಮಾವನ್ನು ಅದರ ಸ್ವಂತ ಮಾತಿನಲ್ಲಿ ಪೂರ್ತಿ ಕೇಳಬೇಕೆನ್ನುವುದು ಅವನ ಆಸೆ. ಸಂಭಾಷಣೆ ಬರೆದಿಟ್ಟ ಪ್ರತಿ ಉಳಿದಿಲ್ಲ. ನಾನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡೆ.

ಒಂದೇ ಕಡೆ ತಡವರಿಸಿದ. ಅಣ್ಣ ಮನೆ ಬಿಟ್ಟು ಹೋಗುವಾಗ ತಂಗಿ ಕ್ಯಾಮೆರಾಕ್ಕೆ ಬೆನ್ನು ಮಾಡಿ ನಿಂತಿದ್ದಾಳೆ, ತುಟಿ ಕಾಣುವುದಿಲ್ಲ. ಡಬ್ಬಿಂಗಿನವರು ಅಲ್ಲಿ ಉದ್ದನೆಯ ಗೋಳು ತುಂಬಿದ್ದರು. ನಿಜವಾದ ಮಾತು ಅಜ್ಜನಿಗೆ ನೆನಪಾಗಲಿಲ್ಲ. ಬೆನ್ನಿನಿಂದ ನಟಿಸುವುದನ್ನು ತಾನೇ ಕಲಿಸಿದೆನೆಂದು ಅವನು ನಮಗೆ ಎಷ್ಟೋ ಸಲ ಹೇಳಿದ್ದ ದೃಶ್ಯ ಅದು. ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ.

ತಂಗಿಯ ಪಾತ್ರ ಮಾಡಿದವರು ಹಿರೇಬೆಂಡಿಗೇರಿಯಲ್ಲೇ ಇದ್ದಾರೆ. ನಾವು ಹೋದಾಗ ಶೇಂಗಾ ಹಸನು ಮಾಡುತ್ತಿದ್ದರು. ಮೊರ ಬದಿಗಿಡದೆಯೇ ನನ್ನ ಲ್ಯಾಪ್‌ಟಾಪಿನಲ್ಲಿ ತಮ್ಮನ್ನು ನೋಡಿದರು.

'ಇಲ್ಲೆ ಏನಂದಿದ್ದಿ ತಂಗಿ? ನೆನಪೈತೇನು?' ಅಜ್ಜ ಕೇಳಿದ.

'ಏನೂ ಅಂದಿಲ್ರಿ ಸಾಹೇಬ್ರ. ನೀವು ಕಲಿಸಿದ ಮಾತು ಮರತ ಹೋಗಿತ್ತು. ಬೈತೀರಿ ಅಂತ ಹೆದರಿ ಬೆನ್ನ ಮಾಡಿ ನಿಂತೆ.'

'ಮತ್ತ ನಾ ಶಭಾಷ್ ಅಂದಿದ್ನಲ್ಲ?'

'ಅಂದ್ರಿ. ಯಾಕಂತ ಇವತ್ತಿಗೂ ತಿಳಿದಿಲ್ಲ ನನಗ.'

ಅಜ್ಜ ಕನ್ನಡಕ ತೆಗೆದು ಒರೆಸಿಕೊಂಡ. 'ನಾನ ಕಲಿಸಿದ್ದು ಅಂತ ಊರ ತುಂಬ ಹೇಳ್ಕೊಂತ ಬಂದೇನಲ್ಲವಾ.'

'ಇನ್ನೂ ಹೇಳ್ರಿ. ನಾ ಯಾರ ಮುಂದೂ ಬಾಯಿ ಬಿಡೂದಿಲ್ಲ.'

ಅಂದು ಮಧ್ಯಾಹ್ನ ಅವರು ತಮ್ಮ ಉಳಿದ ಮಾತುಗಳನ್ನೆಲ್ಲ ತಾವೇ ಆಡಿದರು. ಆ ದೃಶ್ಯ ಬಂದಾಗ ನಾನು ರೆಕಾರ್ಡಿಂಗ್ ನಿಲ್ಲಿಸಲು ಕೈ ಚಾಚಿದೆ. ಅಜ್ಜ ನನ್ನ ಕೈ ಹಿಡಿದುಕೊಂಡ. ತೆರೆಯ ಮೇಲೆ ಅಣ್ಣ ಓಣಿಯ ತಿರುವು ದಾಟುವವರೆಗೆ ಮೂವರೂ ಸುಮ್ಮನೆ ಕುಳಿತಿದ್ದೆವು.

'ಆತು,' ಅಂದ ಅಜ್ಜ. 'ಮುಂದಿಂದು ಹಚ್ಚು.'