ತಂಗಿ ಬೀಸಿದ ಕೈ

ಹರಿಹರದ ದೊಡ್ಡಮ್ಮನ ಮನೆಯಲ್ಲಿ ಅಂದು ಊಟಕ್ಕಿಂತ ವಾದವೇ ಜೋರಾಗಿತ್ತು. ಪಿಯುಸಿ ಓದುವ ನನ್ನ ತಂಗಿ ಒಂದು ಕಾದಂಬರಿ ಹಿಡಿದಿದ್ದಳು. ಅದರಲ್ಲಿನ ಊರಿನವರಿಗೆಲ್ಲ ತಾವು ಸಾಯುವ ದಿನ ಹುಟ್ಟುವಾಗಲೇ ಗೊತ್ತು. ನಾಳೆ ಸಾಯಬೇಕಾದ ಹುಡುಗಿಯೊಬ್ಬಳು, ನಾನು ಒಪ್ಪುವುದಿಲ್ಲ ಎಂದು ಊರು ಬಿಟ್ಟು ಹೊರಡುತ್ತಾಳೆ.

"ಹಣೇಲಿ ಬರೆದಿದ್ದನ್ನ ಯಾರು ತಪ್ಪಿಸ್ತಾರೆ?" ಎಂದರು ದೊಡ್ಡಮ್ಮ.

"ಹಂಗಾದ್ರೆ ನೀವ್ಯಾಕ ದಿನಾ ಬಿಪಿ ಗುಳಿಗೆ ನುಂಗ್ತೀರಿ?" ಎಂದಳು ತಂಗಿ.

"ನಿನ್ನಂಥೋಳ ಜೊತೆ ಮಾತಾಡಬೇಕಲ್ಲ, ಅದಕ್ಕೆ!"

ಸಂಜೆ ನಗುತ್ತಲೇ ದಾವಣಗೆರೆಗೆ ಹೊರಟೆವು. ಸ್ಕೂಟರ್ ಅವಳು ಓಡಿಸುತ್ತಿದ್ದಳು, ನಾನು ಹಿಂದೆ. ಮುಂದೆ ಹುಲ್ಲು ಹೇರಿದ ಟ್ರ್ಯಾಕ್ಟರ್. ಹೊರೆ ಅರ್ಧ ರಸ್ತೆಗೆ ಚಾಚಿತ್ತು. ಹಿಂದಿನಿಂದ ಬೈಕಿನವನೊಬ್ಬ ಹಾರ್ನ್ ಒತ್ತುತ್ತಲೇ ಇದ್ದ. ಹೆಲ್ಮೆಟ್ಟನ್ನು ತೋಳಿಗೆ ಸಿಕ್ಕಿಸಿಕೊಂಡಿದ್ದ.

"ಅಣ್ಣಾರಿಗೆ ಭಾಳ ಅವಸರ ಐತೆ ನೋಡಕ್ಕ" ಎನ್ನುತ್ತಾ ತಂಗಿ ಎಡಕ್ಕೆ ಸರಿದು ಬಲಗೈ ಬೀಸಿದಳು. ನಾವು ಮುಂದೆ ಹೋಗುವುದಿಲ್ಲ, ಬೇಕಾದರೆ ನೀವು ಹೋಗಿ ಎನ್ನುವುದಷ್ಟೇ ಅವಳ ಮನಸ್ಸಿನಲ್ಲಿದ್ದದ್ದು. ಆದರೆ ನಮ್ಮ ಕಡೆಯ ರಸ್ತೆಗಳಲ್ಲಿ ಮುಂದಿನ ಗಾಡಿಯವರು ಕೈ ಬೀಸಿದರೆ, ಎದುರಿಗೆ ಯಾರೂ ಇಲ್ಲ, ಬಾ ಎಂದೇ ಅರ್ಥ. ಹೊರೆಯಾಚೆ ಏನಿದೆಯೆಂದು ಅವಳಿಗೂ ಕಾಣುತ್ತಿರಲಿಲ್ಲ.

ಅವನು ನಮ್ಮ ಪಕ್ಕದಲ್ಲೇ ಹಾದುಹೋದ. ಟ್ರ್ಯಾಕ್ಟರ್ ದಾಟುವಷ್ಟರಲ್ಲಿ ಎದುರಿನಿಂದ ಲಾರಿ. ಬ್ರೇಕಿನ ಸದ್ದು ಮೊದಲೋ, ಆ ಇನ್ನೊಂದು ಸದ್ದು ಮೊದಲೋ, ನೆನಪಿನಲ್ಲಿ ಒಂದೊಂದು ದಿನ ಒಂದೊಂದು ರೀತಿ ಕೇಳಿಸುತ್ತದೆ. ಬೈಕು ಉಜ್ಜಿಕೊಂಡು ನಮ್ಮ ಮುಂದಿನ ಚಕ್ರದವರೆಗೂ ಬಂದು ನಿಂತಿತು. ಆಂಬುಲೆನ್ಸ್ ಬರುವ ಮೊದಲೇ ಅವನು ತೀರಿಕೊಂಡಿದ್ದ.

ಈಗ ತಂಗಿ ಯಾವುದನ್ನೂ ತಾನಾಗಿ ತೀರ್ಮಾನಿಸುವುದಿಲ್ಲ. ಅಮ್ಮ ದೋಸೆಯೋ ಚಪಾತಿಯೋ ಎಂದು ಕೇಳಿದರೆ, "ನೀನೇ ಹೇಳು" ಎನ್ನುತ್ತಾಳೆ. ಕಾಲೇಜಿನ ಎದುರು ರಸ್ತೆ ದಾಟಲಾಗದೆ ನಿಂತವಳನ್ನು ಗೆಳತಿಯರು ಕೈಹಿಡಿದು ಕರೆದೊಯ್ದರಂತೆ. ಹೋದ ತಿಂಗಳು ದೊಡ್ಡಮ್ಮ ಬಂದು, "ಅವನ ಆಯುಸ್ಸೇ ಅಷ್ಟಿತ್ತು ಕಣವ್ವ, ನಿಂದೇನೂ ಇಲ್ಲ" ಎಂದು ತಲೆ ಸವರಿದರು. ಅವಳು ಎದುರಾಡಲಿಲ್ಲ. ಆಡಿದ್ದರೆ ನನಗೆ ಜೀವ ಬರುತ್ತಿತ್ತು.

ಅವರು ಹೋದ ಮೇಲೆ ನನ್ನನ್ನು ಕೇಳಿದಳು: "ಅಕ್ಕ, ನೀನು ಹಿಂದೆ ಕೂತಿದ್ಯಲ್ಲ. ಅವನು ನನ್ನ ಕೈ ನೋಡಿ ಹೋದ್ನಾ, ತಾನಾಗೇ ಹೋದ್ನಾ? ನಿಜ ಹೇಳು."

ನಾನು ಆಗ ತಿರುಗಿ ನೋಡಿದ್ದೆ. ಅವನು ಅವಳ ಕೈ ನೋಡಿದ್ದ. ಉಪಕಾರವಾಯಿತು ಎನ್ನುವಂತೆ ತಲೆಯಾಡಿಸಿ ನಕ್ಕಿದ್ದ.

"ನಾನು ನೋಡ್ಲಿಲ್ಲ ಕಣೆ" ಎಂದೆ.

ದಿನಾ ಕೇಳುತ್ತಾಳೆ. ದಿನಾ ಅದನ್ನೇ ಹೇಳುತ್ತೇನೆ.