ಗೋದಲಿಯ ಹೊಲ

ಡಿಸೆಂಬರ್ ಬಂತೆಂದರೆ ನಮ್ಮ ಅಡುಗೆಮನೆಯ ಕಿಟಕಿಯಲ್ಲಿ ಒಂದು ಹಳೆಯ ತಗಡಿನ ಅಗಲ ತಟ್ಟೆ, ನಮ್ಮ ಮಾತಿನಲ್ಲಿ ಪರಾತ, ಬಂದು ಕೂಡುತ್ತದೆ. ಅದರ ತುಂಬ ಒದ್ದೆ ಮಣ್ಣು, ಮಣ್ಣಿನ ತುಂಬ ರಾಗಿಯ ಮೊಳಕೆ. ರೊಟ್ಟಿ ತಟ್ಟುತ್ತ ಕೈ ಬಿಡುವಾದಾಗಲೆಲ್ಲ ನೀರು ಚಿಮುಕಿಸುವುದು, ಎಳೆ ಹಸಿರು ಎಷ್ಟು ಎದ್ದಿದೆಯೆಂದು ಬಗ್ಗಿ ನೋಡುವುದು ನನಗೊಂದು ಚಟ. ಗೆಳೆಯರೇ, ನನ್ನದೂ ಒಂದು ಸಾಹಿತ್ಯವೆಂದು ನೀವು ಒಪ್ಪುವುದಾದರೆ, ಅದು ಬೆಳೆದದ್ದು ಈ ಪರಾತದಲ್ಲಿ.

ನಾನು ಮಕ್ಕಳಿಗಾಗಿ ಕ್ರಿಸ್‌ಮಸ್ಸಿನ ಮಾಯಾಲೋಕದ ಕಾದಂಬರಿಗಳನ್ನು ಬರೆಯುವವಳು. ಹಣೆಯಲ್ಲಿ ಕುಂಕುಮ, ಕೈತುಂಬ ಹಸಿರು ಬಳೆ, ಊರು ಸಿಂದಗಿಯ ಕಡೆ, ಇರುವುದು ಗೋವೆಯ ಝುವಾರಿನಗರದಲ್ಲಿ. ಇಂಥವಳಿಗೆ ಈ ಉಸಾಬರಿ ಯಾಕೆಂದು ಕೇಳದವರಿಲ್ಲ. ಎಂಬತ್ತರ ದಶಕದ ಆರಂಭದಲ್ಲಿ, ಗಂಡನ ಕಾರ್ಖಾನೆ ಕೆಲಸದ ಬೆನ್ನು ಹತ್ತಿ ಬಂದವಳು, ಮನೆಮನೆಯ ಮುಂದೆ ತೂಗುವ ಕಾಗದದ ನಕ್ಷತ್ರಗಳಿಗೆ ಮರುಳಾಗಿ ಬರೆದೆ, ಅಷ್ಟೆ. ಮೊದಲ ಪುಸ್ತಕದಲ್ಲಿ ಶುಭಾಶಯದ ಕಾರ್ಡುಗಳಲ್ಲಿ ಕಂಡ ಹಿಮವನ್ನೆಲ್ಲ ಧಾರಾಳವಾಗಿ ಸುರಿಸಿದ್ದೆ. ಓದಿ ಹೇಳಿದರೆ ನನ್ನ ಮಗಳು, "ಅವ್ವಾ, ಮೀನಿನ ಬುಟ್ಟ್ಯಾಗ ಹಾಕ್ತಾರಲ್ಲ, ಅದೇ ಬರ್ಫ ಏನು?" ಎಂದಳು. ನನ್ನ ಮಾಯಾಲೋಕಕ್ಕೆಲ್ಲ ಬಂಗಡೆಯ ವಾಸನೆ ಹತ್ತಿಕೊಂಡಿತು.

ಆಗ ಕೈಹಿಡಿದವಳು ಪಕ್ಕದ ಮನೆಯ ಫಿಲೊಮಿನಾ. ಅವಳ ಗಂಡ ಹಡಗಿನ ಕೆಲಸದವನು. ವರ್ಷವರ್ಷವೂ ಕ್ರಿಸ್‌ಮಸ್ಸಿಗೆ ಗೋದಲಿ, ಯೇಸು ಹುಟ್ಟಿದ ಕೊಟ್ಟಿಗೆಯ ಬೊಂಬೆಮನೆ, ಕಟ್ಟುತ್ತಿದ್ದವನು ಅವನೇ. ಆ ಸಲ ರಜೆ ಸಿಗಲಿಲ್ಲ. ಮುಖ ಊದಿಸಿಕೊಂಡ ಮಕ್ಕಳಿಗೆ, ಅಪ್ಪನಿಲ್ಲದಿದ್ದರೂ ಗೋದಲಿಗೆ ಏನೂ ಕಡಿಮೆಯಾಗದೆಂದು ಅವಳು ಮಾತು ಕೊಟ್ಟಿದ್ದಳು. ಬಾಲಯೇಸು ಮಲಗುವ ಕೊಟ್ಟಿಗೆಯ ಸುತ್ತ ಹಸಿರು ಹೊಲ ಇರಬೇಕಲ್ಲ, ಅದಕ್ಕೆಂದು ಪರಾತದಲ್ಲಿ ರಾಗಿ ಬಿತ್ತಿದಳು. ಅಷ್ಟರಲ್ಲಿ ತಾಯಿಗೆ ಜ್ವರವೆಂದು ಸುದ್ದಿ ಬಂದು, ನೀರು ಹಾಕಿರೆಂದು ಹೇಳಿ ಪರಾತವನ್ನು ನಮ್ಮಲ್ಲಿಟ್ಟು ಮಕ್ಕಳೊಂದಿಗೆ ತವರಿಗೆ ಹೋದಳು.

ನೀರು ಹಾಕುವ ಹೊಣೆ ಹೊತ್ತವರು ಊರಿನಿಂದ ಬಂದಿದ್ದ ನಮ್ಮತ್ತೆ. ನಮ್ಮ ಕಡೆ ನವರಾತ್ರಿಗೆ ಘಟ ಹಾಕಿ ಕಾಳು ಬಿತ್ತುತ್ತೇವೆ, ದಸರೆಯ ದಿನ ಆ ಸಸಿಯನ್ನು ಕಿತ್ತು ಪ್ರಸಾದವೆಂದು ತಲೆಗೆ ಮುಡಿಯುತ್ತೇವೆ. ದೇವರಿಗೆ ಬೆಳೆಸಿದ ಸಸಿಗೆ ಬೇರೆ ಗತಿಯೂ ಇರಬಹುದೆಂದು ಅತ್ತೆಗೆ ಹೊಳೆಯುವುದಾದರೂ ಹೇಗೆ? ಪರಾತಕ್ಕೆ ಅರಿಶಿನ ಕುಂಕುಮ ಏರಿಸಿದರು. ಹಬ್ಬದ ಹಿಂದಿನ ದಿನ ನಾನು ಬಜಾರಕ್ಕೆ ಹೋದಾಗ, ಅಷ್ಟನ್ನೂ ಬೇರುಸಮೇತ ಕಿತ್ತು ಓಣಿಗೆಲ್ಲ ಹಂಚಿಬಿಟ್ಟರು.

ನಾನು ತಿರುಗಿ ಬರುವುದಕ್ಕೂ ಫಿಲೊಮಿನಾ ಬಸ್ಸಿನಿಂದ ಇಳಿಯುವುದಕ್ಕೂ ಸರಿಹೋಯಿತು. ಗಂಡಸರ ಟೊಪ್ಪಿಗೆಯಲ್ಲಿ, ಹೆಂಗಸರ ತುರುಬಿನಲ್ಲಿ ಅವಳ ಹೊಲ ಓಡಾಡುತ್ತಿತ್ತು. ಅತ್ತೆ ಅವಳಿಗೂ ಒಂದೆಳೆ ಕೊಟ್ಟು, "ತಗೋ ತಂಗಿ, ಪ್ರಸಾದ. ತಲ್ಯಾಗ ಇಟ್ಕೋ," ಎಂದರು. ಅವಳ ಕಣ್ಣು ತುಂಬಿತು. ನಾನು ವಿಷಯ ಬಿಡಿಸಿ ಹೇಳಿದಾಗ ಅತ್ತೆ, "ಯವ್ವಾ, ಕೂಸಿನ ಹೊಲಾ ಬೋಳು ಮಾಡಿದ್ನೇನ ನಾ!" ಎಂದು ಕುಸಿದು ಕೂತರು.

ಕೊಟ್ಟ ಪ್ರಸಾದವನ್ನು ತಿರುಗಿ ಕೇಳುವುದುಂಟೇ? ಆದರೂ ಅತ್ತೆ ಎದ್ದು, ಮನೆಮನೆಗೆ ಹೋಗಿ ಸೆರಗೊಡ್ಡಿ ಕೇಳಿದರು. ಕೊಟ್ಟವರು ಕೊಟ್ಟು ಸುಮ್ಮನಾಗಲಿಲ್ಲ. ತಾವೇ ಬಂದು, ಕೊಬ್ಬರಿ ಎಣ್ಣೆ ಹತ್ತಿದ ಆ ಬಾಡುಸಸಿಗಳನ್ನು ಗೋದಲಿಯ ಮುಂದಿಟ್ಟ ಪರಾತದ ಒದ್ದೆ ಮಣ್ಣಿಗೆ ಒಂದೊಂದಾಗಿ ನೆಟ್ಟರು. ಅಪ್ಪ ಬರಲಿಲ್ಲವೆಂದು ಮುಖ ಊದಿಸಿಕೊಂಡಿದ್ದ ಮಕ್ಕಳ ಮನೆಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಕೊನೆಗೆ ಸಸಿ ಸಾಲದೆ ಒಂದು ಮೂಲೆ ಬೋಳಾಗಿಯೇ ಉಳಿಯಿತು. ಫಿಲೊಮಿನಾಳ ಕೈಯಲ್ಲಿ ಒಂದೆಳೆಯಿತ್ತು. ಅತ್ತೆ ಅದಕ್ಕೂ ಕೈ ಚಾಚಿದರೆ, "ಇದು ಕೊಡೂದಿಲ್ಲ ಆಯಿ, ನಂದು," ಎಂದು, ಅತ್ತೆಯನ್ನು ತಾಯಿಯೆಂದೇ ಕರೆದು, ತುರುಬಿಗೆ ಸಿಕ್ಕಿಸಿಕೊಂಡಳು.

ನನ್ನ ಎರಡನೆಯ ಕಾದಂಬರಿ ಆ ಬೋಳು ಮೂಲೆಯಿಂದ ಹುಟ್ಟಿತು, ಉಳಿದವೂ ಅದರ ಸುತ್ತಮುತ್ತಲೇ. ಮುಖಪುಟಕ್ಕಾದರೂ ಚೂರು ಹಿಮ ಹಾಕೋಣ್ರಿ ಎಂದು ಧಾರವಾಡದ ಪ್ರಕಾಶಕರು ಈಗಲೂ ಗೋಗರೆಯುತ್ತಾರೆ, ನಾನು ಒಪ್ಪಿಲ್ಲ. ಪರರ ಹಬ್ಬವನ್ನು ಬರೆಯುವ ಹಕ್ಕು ನನಗಿದೆಯೇ ಎಂದು ಒಳಗೊಳಗೇ ಅಂಜುತ್ತಿದ್ದವಳು ನಾನು. ಆ ಸಂಜೆಯ ನಂತರ ಆ ಅಂಜಿಕೆ ಹೋಯಿತು.

ತೊಂಬತ್ತರ ದಶಕವೂ ಮುಗಿಯುತ್ತ ಬಂತು. ಅತ್ತೆ ಈಗಿಲ್ಲ. ಫಿಲೊಮಿನಾಳ ಗಂಡ ಹಡಗು ಬಿಟ್ಟು ಮನೆಯಲ್ಲೇ ಇದ್ದಾನೆ, ಗೋದಲಿಯನ್ನು ಅವನೇ ಕಟ್ಟುತ್ತಾನೆ. ರಾಗಿ ಬೆಳೆಸುವ ಕೆಲಸ ಮಾತ್ರ ನಮ್ಮ ಮನೆಯದು. ಹಬ್ಬದ ಹಿಂದಿನ ದಿನ ಪರಾತ ಒಯ್ಯಲು ಬರುವ ಫಿಲೊಮಿನಾ, ಮೊದಲು ಒಂದು ಮೂಲೆಯ ಸಸಿಯನ್ನು ಕಿತ್ತು ನನ್ನ ತುರುಬಿಗೆ ಸಿಕ್ಕಿಸುತ್ತಾಳೆ, "ಇದು ಆಯೀದು," ಎನ್ನುತ್ತಾಳೆ. ಆಮೇಲೆ ಆ ಬೋಳು ಮೂಲೆಯನ್ನು ಮುಂದಕ್ಕೆ, ಎಲ್ಲರಿಗೂ ಕಾಣುವ ಹಾಗೆ ತಿರುಗಿಸಿ, ಪರಾತವನ್ನು ಎತ್ತಿಕೊಂಡು ಹೋಗುತ್ತಾಳೆ.