ಉಸಿರು ಒಳಗೆಳೆದುಕೊಂಡು ಹೇಳಿದ ಹೌದು

ಹೆಂಗಸರ ಸಿನಿಮಾಗಳಿಗೆ ಬೆನ್ನೆಲುಬಾಗಿ ನಿಂತವಳು ಎಂದು ಸ್ಟಾಕ್‌ಹೋಮ್‌ನಲ್ಲಿ ಯಾರಾದರೂ ನನ್ನನ್ನು ಪರಿಚಯಿಸಿದರೆ ಈಗ ಮುಖ ಎಲ್ಲಿಟ್ಟುಕೊಳ್ಳಬೇಕೋ ತಿಳಿಯುವುದಿಲ್ಲ. ಯಾವ ನಿರ್ಮಾಪಕರ ಹಂಗೂ ಇಲ್ಲದೆ ಮೂರು ಸಣ್ಣ ಸಿನಿಮಾ ಮಾಡಿದ್ದೇನೆ. ಮೊದಲನೆಯದಕ್ಕೆ ಬಾಗಿಲು ಬಾಗಿಲು ಅಲೆಯುವಾಗ ನನ್ನ ಪರವಾಗಿ ಒಂದು ಮಾತಾಡುವವರು ಇರಲಿಲ್ಲ. ಆ ಸಿಟ್ಟಿಗೇ ಕೆಲವು ಗೆಳತಿಯರು ಸೇರಿ, ಹೊಸಬರಿಗೆ ಕ್ಯಾಮೆರಾ, ಎಡಿಟಿಂಗ್ ಕೋಣೆ ಒದಗಿಸುವ ಕೂಟ ಕಟ್ಟಿದೆವು.

ಹೋದ ವರ್ಷ ನೆರವು ಕೇಳಿಕೊಂಡು ಬಂದವಳು ದಾವಣಗೆರೆಯ ಹುಡುಗಿ. ನಗರದ ಪಕ್ಕದ ಸುಂಡ್‌ಬೀಬರ್ಯ್‌ನಲ್ಲಿ ಬಾಡಿಗೆ ಮನೆ, ಗಂಡ ಎಂಜಿನಿಯರ್, ಡಾಗಿಸ್‌ಗೆ, ಅಂದರೆ ಇಲ್ಲಿನ ಶಿಶುವಿಹಾರಕ್ಕೆ, ಹೋಗುವ ಮಗು. ಸಿನಿಮಾ ಅವಳದೇ ಕಥೆ. ಒಂದು ದೃಶ್ಯವನ್ನು ಆಗಲೇ ಫೋನಿನಲ್ಲಿ ತೆಗೆದಿದ್ದಳು. ಎಷ್ಟು ಓದಿದ್ದರೂ ಇಲ್ಲಿ ಕೆಲಸ ಸಿಗದ ಅವಳು ಇಸ್ತ್ರಿ ಮಾಡಿದ ಶರ್ಟು ತೊಟ್ಟು, ನೆಲಮಾಳಿಗೆಯಲ್ಲಿ ಎಲ್ಲ ಮನೆಯವರೂ ಬಟ್ಟೆ ಒಗೆಯುವ ಕೋಣೆಗೆ ಇಳಿದು, ಊರಿನಲ್ಲಿರುವ ಅಮ್ಮಿಗೆ ವಿಡಿಯೋ ಕಾಲ್ ಮಾಡುತ್ತಾಳೆ. ಆಫೀಸಿನಲ್ಲಿದ್ದೇನೆ ಎಂದು ಉರ್ದುವಿನಲ್ಲಿ ಹೇಳುತ್ತಾಳೆ. ವಾಷಿಂಗ್ ಮಷೀನು ಗುಡುಗುಟ್ಟುವಾಗ ಅದೇನು ಸದ್ದು ಎಂದು ಅಮ್ಮಿ ಕೇಳಿದರೆ ಪ್ರಿಂಟರ್ ಎನ್ನುತ್ತಾಳೆ. ಇಡೀ ಸಿನಿಮಾದ ಜೀವ ಅಲ್ಲಿತ್ತು.

ಯಾರಿಗೆ ನೆರವು ಎಂದು ತೀರ್ಮಾನಿಸುವ ಕೂಟದ ಸಭೆಯಲ್ಲಿ ಅವಳು ಇದನ್ನು ಇಂಗ್ಲಿಷ್‌ನಲ್ಲಿ ವಿವರಿಸುತ್ತಿದ್ದಾಗ ನನ್ನ ಪಕ್ಕದಲ್ಲಿದ್ದ ನಮ್ಮ ಕೂಟದ ಎಡಿಟರ್ ಸುರ್ರೆಂದು ಉಸಿರು ಒಳಗೆಳೆದುಕೊಂಡಳು. ಆಕೆ ಉತ್ತರ ಸ್ವೀಡನ್ನಿನವಳು. ಆ ಕಡೆ ಹೌದು ಎನ್ನುವುದೇ ಹಾಗೆ. ನಾವು ಕೈ ಸುಟ್ಟುಕೊಂಡಾಗ ಎಳೆಯುವ ಉಸಿರನ್ನು ಅವರು ಒಪ್ಪಿಗೆಗೆ ಎಳೆಯುತ್ತಾರೆ. ಹುಡುಗಿಯ ಮುಖ ಇಷ್ಟೇ ಇಷ್ಟಾಯಿತು. ಹೆತ್ತವಳಿಗೆ ಸುಳ್ಳು ಹೇಳುವುದನ್ನು ಕೇಳಿ ಆಕೆ ಹೌಹಾರಿದಳು ಎಂದುಕೊಂಡಳು. ಸಾರಿ, ಆ ದೃಶ್ಯ ತೆಗೆದುಬಿಡುತ್ತೇನೆ ಎಂದು ತಡವರಿಸಿ, ನನ್ನ ಕಡೆ ನೋಡಿದಳು. ಎಡಿಟರ್ ತುಸು ಬೆರಗಾಗಿ, ನಿಮ್ಮ ಸಿನಿಮಾ, ನಿಮ್ಮ ತೀರ್ಮಾನ ಎಂದಳು. ಈ ದೇಶದ ಸೌಜನ್ಯ ಅದು.

ಅವರು ಹೂಂ ಅಂದಿದ್ದು ಕಣೆ ಎಂದು ಒಂದು ಮಾತು ನಾನು ಹೇಳಿದ್ದರೆ ಸಾಕಿತ್ತು. ಆದರೆ ಕನ್ನಡದಲ್ಲಿ ಬಾಯಿಬಿಟ್ಟರೆ, ತನ್ನವಳೆಂದು ಪಕ್ಷಪಾತ ಮಾಡಿದಳು ಎಂದು ಉಳಿದವರು ಅಂದುಕೊಂಡಾರು ಎಂಬ ಅಳುಕು. ಪೆನ್ನಿನ ಕ್ಯಾಪು ತೆಗೆಯುತ್ತ, ಹಾಕುತ್ತ ಕೂತೆ. ಬಲು ದೊಡ್ಡ ನ್ಯಾಯವಂತೆ ನಾನು, ಥೂ.

ನೆರವೇನೋ ಸಿಕ್ಕಿತು. ಮೊನ್ನೆ ಸಿನಿಮಾ ತೋರಿಸಿದೆವು. ಹಿಮ ಇತ್ತು, ಮಗು ಇತ್ತು, ಬಿರಿಯಾನಿಯ ಹಬೆ ಇತ್ತು. ಜನ ಮರ್ಯಾದೆಗೆ ಚಪ್ಪಾಳೆ ತಟ್ಟಿದರು. ಆಮೇಲೆ ಫಿಕಾ ಎನ್ನುವ ಇಲ್ಲಿನ ಕಾಫಿ-ತಿಂಡಿಯ ಹೊತ್ತಿನಲ್ಲಿ, ಲೋಟ ಹಿಡಿದು ಅವಳು ನನ್ನ ಹತ್ತಿರ ಬಂದಳು.

"ಅಕ್ಕ, ನಿಮಗೆ ಥ್ಯಾಂಕ್ಸ್ ಹೇಳ್ಬೇಕಿತ್ತು. ಅವತ್ತು ಆ ಮೇಡಂ ಶಾಕ್ ಆದ್ರಲ್ಲ, ಆಗ್ಲೂ ಸೀನ್ ತೆಗೀಬೇಕೋ ಬೇಡ್ವೋ ಅಂತ ನನಗೆ ಡೌಟ್ ಇತ್ತು. ನಿಮ್ ಮುಖ ನೋಡ್ದೆ, ನೀವು ಸುಮ್ನಿದ್ರಿ. ನಮ್ಮೋರೇ ಸುಮ್ನಿದಾರೆ ಅಂದ್ಮೇಲೆ ಸೀನ್ ತಪ್ಪೇ ಇರ್ಬೇಕು ಅಂತ ಮನೆಗೆ ಹೋಗಿ ಡಿಲೀಟ್ ಮಾಡ್ಬಿಟ್ಟೆ."

ಈಗ ಬಾಯಿಬಿಟ್ಟೆ. "ಅವರು ಶಾಕ್ ಆಗ್ಲಿಲ್ಲ ಕಣಮ್ಮ. ಆ ಕಡೆಯೋರು ಹೌದು ಅನ್ನೋದೇ ಹಂಗೆ. ನಿನ್ ಸೀನ್ ಅವರಿಗೆ ಇಷ್ಟ ಆಗಿತ್ತು."

ಅವಳು ಲೋಟವನ್ನು ಮೇಜಿನ ಮೇಲಿಟ್ಟಳು. "ನಿಮಗೆ ಅವತ್ತೇ ಗೊತ್ತಿತ್ತಾ?"

"ಗೊತ್ತಿತ್ತು."

"ಸರಿ ಮೇಡಂ," ಎಂದು ಮಗುವಿನ ಜಾಕೆಟ್ ಹುಡುಕಿಕೊಂಡು ಹೋದಳು.